ಆದೇಶದಲ್ಲಿ ಕಣ್ತಪ್ಪು: ತಿದ್ದಿಸುವುದು ಹೇಗೆ?

ನ್ಯಾಯಾಲಯದ ತೀರ್ಪು, ಡಿಕ್ರಿ ಅಥವಾ ಆದೇಶದಲ್ಲಿ ನುಸುಳಿದ ಬರವಣಿಗೆಯ ತಪ್ಪನ್ನು ಸರಿಪಡಿಸಿಕೊಳ್ಳುವುದು ಹೇಗೆಂದು ಕೇಳಿ ಈ ಅಂಕಣಕ್ಕೆ ಅನೇಕ ಪತ್ರಗಳು ಬಂದಿವೆ. ವರ್ಷಗಟ್ಟಲೆ ಅಲೆದು ಗೆದ್ದ ಮೇಲೂ ಒಂದು ಅಂಕಿ ಅಥವಾ ಒಂದು ಅಕ್ಷರದ ದೆಸೆಯಿಂದ ಬರಿಗೈಯಲ್ಲಿ ಕೂತವರ ಪತ್ರಗಳು ಅವು. ಆದ್ದರಿಂದ ಈ ಸಲದ ಅಂಕಣವನ್ನು ಇದೊಂದೇ ವಿಷಯಕ್ಕೆ ಮೀಸಲಿಟ್ಟಿದ್ದೇನೆ. ಪತ್ರ ಬರೆದವರ ಹೆಸರು, ಊರು ಮತ್ತು ಮೊಕದ್ದಮೆಯ ಸಂಖ್ಯೆಗಳನ್ನು ಬಿಟ್ಟು, ಪ್ರಶ್ನೆಗಳನ್ನು ಸಂಕ್ಷೇಪಿಸಿ ಕೊಟ್ಟಿದೆ.

ಪ್ರಶ್ನೆ: ಜಮೀನಿನ ಸ್ವಾಧೀನಕ್ಕಾಗಿ ನಾನು ಹೂಡಿದ್ದ ದಾವೆ 2016ರಲ್ಲಿ ನನ್ನ ಪರವಾಗಿ ಡಿಕ್ರಿಯಾಯಿತು. ಪ್ರತಿವಾದಿಯ ಮೇಲ್ಮನವಿ ಎರಡೂ ಕಡೆಯ ವಾದ ಆಲಿಸಿದ ನಂತರ 2019ರಲ್ಲಿ ವಜಾ ಆಯಿತು. ಅಮಲ್ಜಾರಿಯಲ್ಲಿ, ಅಂದರೆ ಡಿಕ್ರಿಯನ್ನು ಜಾರಿ ಮಾಡಿಸುವಾಗ, ನ್ಯಾಯಾಲಯದ ಅಮೀನರು ಜಮೀನಿಗೆ ಬಂದರು; ಆಗ ಡಿಕ್ರಿಯ ಷೆಡ್ಯೂಲಿನಲ್ಲಿ (ಆಸ್ತಿಯ ವಿವರಪಟ್ಟಿಯಲ್ಲಿ) ಸರ್ವೆ ನಂಬರು 74/2 ಎಂದಿರಬೇಕಾದ ಕಡೆ 47/2 ಎಂದಿರುವುದು ಗೊತ್ತಾಯಿತು. ಸ್ವಾಧೀನ ಕೊಡಿಸಲಾಗದೆಂದು ಷರಾ ಬರೆದು ಅವರು ಹಿಂದಿರುಗಿದರು. ದಾವೆಯಲ್ಲೂ ತೀರ್ಪಿನಲ್ಲೂ 74/2 ಎಂದೇ ಇದೆ. ಹೊಸದಾಗಿ ದಾವೆ ಹೂಡಬೇಕೆಂದು ಕೆಲವರು ಹೇಳುತ್ತಿದ್ದಾರೆ. ಇಷ್ಟು ವರ್ಷಗಳ ಮೇಲೆ ತಿದ್ದಿಸಲು ಸಾಧ್ಯವೇ?

ಉತ್ತರ: ಸಾಧ್ಯವಿದೆ. ಹೊಸ ದಾವೆಯ ಅಗತ್ಯವಿಲ್ಲ. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ ಕಲಂ 152 ಇರುವುದೇ ಇಂತಹ ಸಂದರ್ಭಕ್ಕಾಗಿ. ತೀರ್ಪು, ಡಿಕ್ರಿ ಅಥವಾ ಆದೇಶದಲ್ಲಿ ಬರವಣಿಗೆಯ ತಪ್ಪು ಅಥವಾ ಲೆಕ್ಕದ ತಪ್ಪು ಆಗಿದ್ದರೆ, ಇಲ್ಲವೇ ಆಕಸ್ಮಿಕವಾಗಿ ಏನಾದರೂ ಜಾರಿಹೋಗಿದ್ದರೆ ಅಥವಾ ಬಿಟ್ಟುಹೋಗಿದ್ದರೆ, ನ್ಯಾಯಾಲಯವು ತಾನಾಗಿಯೇ ಆಗಲಿ, ಪಕ್ಷಕಾರರೊಬ್ಬರ ಅರ್ಜಿಯ ಮೇಲಾಗಲಿ, ಅದನ್ನು ಯಾವಾಗ ಬೇಕಾದರೂ ತಿದ್ದಬಹುದು ಎಂದು ಆ ಕಲಂ ಹೇಳುತ್ತದೆ. ‘ಯಾವಾಗ ಬೇಕಾದರೂ’ ಎಂಬ ಮಾತು ಕಾನೂನಿನಲ್ಲೇ ಇರುವುದರಿಂದ, ಡಿಕ್ರಿಯಾಗಿ ಇಷ್ಟು ವರ್ಷ ಕಳೆಯಿತೆಂಬ ಒಂದೇ ಕಾರಣಕ್ಕೆ ನಿಮ್ಮ ಅರ್ಜಿಯನ್ನು ತಳ್ಳಿಹಾಕುವಂತಿಲ್ಲ.

ನಿಮ್ಮ ಪ್ರಕರಣದಲ್ಲಿ ಇನ್ನೊಂದು ಬಲವಾದ ಆಧಾರವೂ ಇದೆ. ತೀರ್ಪು ನ್ಯಾಯಾಧೀಶರ ನಿರ್ಣಯ. ಡಿಕ್ರಿ ಆ ನಿರ್ಣಯದ ಫಲವನ್ನು ಕಚೇರಿಯಲ್ಲಿ ನಿಗದಿತ ನಮೂನೆಗೆ ಇಳಿಸಿದ ದಾಖಲೆ. ಡಿಕ್ರಿಯು ತೀರ್ಪಿಗೆ ಅನುಗುಣವಾಗಿರಲೇಬೇಕೆಂದು ಸಂಹಿತೆಯ ಆದೇಶ 20, ನಿಯಮ 6 ಕಟ್ಟುನಿಟ್ಟಾಗಿ ಹೇಳುತ್ತದೆ (ಹೀಗೆ ಸಂಖ್ಯೆಯೊಂದಿಗೆ ಬರುವ ‘ಆದೇಶ’ ಸಂಹಿತೆಯದೇ ಒಂದು ಭಾಗ, ನ್ಯಾಯಾಲಯದ ಆದೇಶವಲ್ಲ). ತೀರ್ಪಿನಲ್ಲಿ 74/2 ಇದ್ದು ಡಿಕ್ರಿಯಲ್ಲಿ 47/2 ಆಗಿದೆಯೆಂದರೆ, ನ್ಯಾಯಾಧೀಶರ ಮನಸ್ಸಿನಲ್ಲಿ ಯಾವ ಗೊಂದಲವೂ ಇರಲಿಲ್ಲ, ತಪ್ಪಿದ್ದು ಬೆರಳಚ್ಚು ಮಾಡಿದ ಕೈ ಎಂಬುದು ಮೇಲ್ನೋಟಕ್ಕೇ ಕಾಣುತ್ತದೆ. ಕಲಂ 152ರ ಅರ್ಜಿಗಳಲ್ಲಿ ನ್ಯಾಯಾಲಯ ಮೊದಲು ಹುಡುಕುವುದು ಇದನ್ನೇ: ತಪ್ಪು ನಡೆದದ್ದು ಕೈಯಲ್ಲೋ, ತೀರ್ಮಾನದಲ್ಲೋ? ಕೈಯದ್ದಾದರೆ ತಿದ್ದಬಹುದು. ತೀರ್ಮಾನದ್ದಾದರೆ ಪುನರ್‌ವಿಮರ್ಶೆ (ಅದೇ ನ್ಯಾಯಾಲಯ ತನ್ನ ತೀರ್ಪನ್ನು ಮತ್ತೆ ಪರಿಶೀಲಿಸುವುದು) ಅಥವಾ ಮೇಲ್ಮನವಿಯ ದಾರಿ ಹಿಡಿಯಬೇಕು.

ಅರ್ಜಿಯನ್ನು ಎಲ್ಲಿ ಹಾಕಬೇಕೆಂಬ ಬಗ್ಗೆ ಮಾತ್ರ ನೀವು ಎಚ್ಚರದಿಂದ ಇರಬೇಕು. ಅಮಲ್ಜಾರಿ ನ್ಯಾಯಾಲಯದ ಮುಂದೆಯೇ ಬಾಯಿಮಾತಿನಲ್ಲಿ ಕೇಳಿದರೆ ಪ್ರಯೋಜನವಿಲ್ಲ, ಏಕೆಂದರೆ ಆ ನ್ಯಾಯಾಲಯವು ಡಿಕ್ರಿ ಇದ್ದಂತೆ ಜಾರಿ ಮಾಡಬೇಕೇ ಹೊರತು ಡಿಕ್ರಿಯ ಹಿಂದಕ್ಕೆ ಹೋಗಿ ಅದನ್ನು ಬದಲಿಸಲಾಗದು. ನಿಮ್ಮ ಎದುರಾಳಿಯ ಮೇಲ್ಮನವಿಯು ಆದೇಶ 41, ನಿಯಮ 11ರ ಅಡಿಯಲ್ಲಿ ಆರಂಭದ ಹಂತದಲ್ಲೇ ವಜಾ ಆಗಿದ್ದರೆ, 1976ರ ತಿದ್ದುಪಡಿಯಿಂದ ಸೇರಿದ ಕಲಂ 153ಎ ಪ್ರಕಾರ ಮೂಲ ನ್ಯಾಯಾಲಯವೇ ತನ್ನ ಡಿಕ್ರಿಯನ್ನು ತಿದ್ದಬಹುದಿತ್ತು. ಆದರೆ ನಿಮ್ಮಲ್ಲಿ ವಾದ ಆಲಿಸಿ ಮೇಲ್ಮನವಿಯನ್ನು ತೀರ್ಮಾನಿಸಲಾಗಿದೆ. ಆಗ ಕೆಳ ನ್ಯಾಯಾಲಯದ ಡಿಕ್ರಿಯು ಮೇಲ್ಮನವಿ ನ್ಯಾಯಾಲಯದ ಡಿಕ್ರಿಯಲ್ಲಿ ವಿಲೀನವಾಗುತ್ತದೆ. ಹೀಗಾಗಿ ಅರ್ಜಿಯನ್ನು ಮೇಲ್ಮನವಿ ನ್ಯಾಯಾಲಯದಲ್ಲಿ ಹಾಕುವುದೇ ಸುರಕ್ಷಿತ. ಮೂಲ ನ್ಯಾಯಾಲಯದಲ್ಲಿ ಹಾಕಿ, ಒಂದು ವರ್ಷ ಕಾದ ನಂತರ ‘ಇಲ್ಲಿ ಬರುವುದಿಲ್ಲ, ಅಲ್ಲಿಗೆ ಹೋಗಿ’ ಎನಿಸಿಕೊಂಡವರನ್ನು ನಾನು ಕಂಡಿದ್ದೇನೆ. ಈ ನಡುವೆ ಅಮಲ್ಜಾರಿ ಅರ್ಜಿ ವಜಾ ಆಗದಂತೆ, ತಿದ್ದುಪಡಿಯ ಅರ್ಜಿ ಸಲ್ಲಿಸಿರುವುದಾಗಿ ಅಲ್ಲಿಗೂ ಒಂದು ಮೆಮೊ ಕೊಡಿ. ಡಿಕ್ರಿ ತಿದ್ದುಪಡಿಯಾದ ಮೇಲೆ ಅಮಲ್ಜಾರಿ ಅರ್ಜಿಯ ಷೆಡ್ಯೂಲನ್ನೂ ತಿದ್ದಿಸಬೇಕಾಗುತ್ತದೆ.

ಅರ್ಜಿಯ ಜತೆ ಪ್ರಮಾಣಪತ್ರ (ಅಫಿಡವಿಟ್) ಇರಬೇಕು. ಪ್ರಮಾಣಪತ್ರದಲ್ಲಿ ದೀರ್ಘ ಕಥೆ ಬೇಡ. ಡಿಕ್ರಿಯ ಯಾವ ಪುಟದ ಯಾವ ಸಾಲಿನಲ್ಲಿ ಏನಿದೆ, ಅಲ್ಲಿ ಏನಿರಬೇಕು, ಹಾಗಿರಬೇಕೆಂಬುದಕ್ಕೆ ತೀರ್ಪಿನ ಯಾವ ಪ್ಯಾರಾ ಮತ್ತು ದಾವೆಯ ಷೆಡ್ಯೂಲಿನ ಯಾವ ಭಾಗ ಆಧಾರ ಎಂಬ ಮೂರು ಸಂಗತಿಗಳು ಸ್ಪಷ್ಟವಾಗಿದ್ದರೆ ಸಾಕು. ದಾವೆ, ತೀರ್ಪು ಮತ್ತು ಡಿಕ್ರಿಯ ದೃಢೀಕೃತ ನಕಲುಗಳನ್ನೂ 74/2ರ ಪಹಣಿಯನ್ನೂ ಲಗತ್ತಿಸಿ, ಎದುರು ಪಕ್ಷಕ್ಕೆ ನೋಟಿಸು ಹೋಗುವಂತೆ ನೋಡಿಕೊಳ್ಳಿ. ಅರ್ಜಿ ಮಂಜೂರಾದರೆ ಮೂಲ ಡಿಕ್ರಿಯಲ್ಲಿ ತಿದ್ದುಪಡಿ ದಾಖಲಾಗುತ್ತದೆ. ನೀವು ಹೊಸ ದೃಢೀಕೃತ ನಕಲನ್ನು ಪಡೆದು, ಮುಂದೆ ಅದನ್ನೇ ಬಳಸಬೇಕು.

ತಿದ್ದುಪಡಿಗೆ ಕಾಲಮಿತಿ ಇಲ್ಲವೆಂದ ಮಾತ್ರಕ್ಕೆ ಅಮಲ್ಜಾರಿಗೂ ಇಲ್ಲವೆಂದು ತಿಳಿಯಬೇಡಿ. ಸ್ವಾಧೀನದ ಡಿಕ್ರಿಯನ್ನು ಜಾರಿ ಮಾಡಿಸಲು 1963ರ ಕಾಲಪರಿಮಿತಿ ಕಾಯ್ದೆಯಲ್ಲಿ 12 ವರ್ಷಗಳ ಅವಧಿ ಇದೆ. ತಿದ್ದುಪಡಿಯ ದಿನದಿಂದ ಆ 12 ವರ್ಷಗಳು ಹೊಸದಾಗಿ ಶುರುವಾಗುತ್ತವೆಂದು ನಂಬಿ ಕೂರುವುದು ಅಪಾಯಕಾರಿ. ಈಗಿರುವ ಅಮಲ್ಜಾರಿ ಅರ್ಜಿಯನ್ನೇ ಉಳಿಸಿಕೊಂಡು ಮುಂದುವರಿಸಿ.

ಇನ್ನು ಒಂದು ಮಾತು. ನಾನು ವಕೀಲಿಕೆ ಕಲಿಯುತ್ತಿದ್ದಾಗ ನಮ್ಮ ಹಿರಿಯರು, ಡಿಕ್ರಿಯ ನಕಲು ಕೈಗೆ ಬಂದ ಕೂಡಲೇ ಇಬ್ಬರು ಕಿರಿಯರನ್ನು ಎದುರುಬದುರು ಕೂರಿಸುತ್ತಿದ್ದರು. ಒಬ್ಬರು ದಾವೆಯ ಷೆಡ್ಯೂಲನ್ನು ಗಟ್ಟಿಯಾಗಿ ಓದಬೇಕು. ಇನ್ನೊಬ್ಬರು ಡಿಕ್ರಿಯ ಮೇಲೆ ಸ್ಕೇಲು ಇಟ್ಟು, ಸಾಲಿನಿಂದ ಸಾಲಿಗೆ ಜರುಗಿಸುತ್ತಾ ನೋಡಬೇಕು. ಸರ್ವೆ ನಂಬರನ್ನು ‘ಎಪ್ಪತ್ತನಾಲ್ಕು’ ಎಂದು ಓದಲು ಬಿಡುತ್ತಿರಲಿಲ್ಲ. ‘ಏಳು, ನಾಲ್ಕು, ಬಾರ್, ಎರಡು’ ಎಂದು ಬಿಡಿಬಿಡಿಯಾಗಿಯೇ ಓದಬೇಕಿತ್ತು. ತೀರ್ಪು ಪ್ರಕಟವಾದ 15 ದಿನಗಳೊಳಗೆ ಡಿಕ್ರಿ ಸಿದ್ಧವಾಗಬೇಕೆಂದು ಸಂಹಿತೆ ಹೇಳುತ್ತದೆ. ಆ ಹೊತ್ತಿಗೇ ನಕಲು ಪಡೆದು ಹೀಗೆ ಓದಿಬಿಟ್ಟಿದ್ದರೆ, ನಿಮ್ಮ ಜಮೀನಿನವರೆಗೂ ಬಂದ ಅಮೀನರು ಹಿಂದಿರುಗುವ ಪ್ರಸಂಗವೇ ಬರುತ್ತಿರಲಿಲ್ಲ.

ಪ್ರಶ್ನೆ: ನಾವು ಮೂವರು ಅಣ್ಣತಮ್ಮಂದಿರು. 4 ಎಕರೆ 20 ಗುಂಟೆ ಜಮೀನಿನಲ್ಲಿ ಮೂವರಿಗೂ ಮೂರನೇ ಒಂದು ಭಾಗವೆಂದು ವಿಭಾಗದ ದಾವೆಯಲ್ಲಿ ತೀರ್ಪಾಯಿತು. ಆದರೆ ಡಿಕ್ರಿಯಲ್ಲಿ ನನ್ನ ಹೆಸರಿನ ಮುಂದೆ ‘1 ಎಕರೆ 40 ಗುಂಟೆ’ ಎಂದಿದೆ. 40 ಗುಂಟೆಗೆ ಒಂದು ಎಕರೆ. ಹಾಗಾದರೆ ನನಗೆ 2 ಎಕರೆ ಬರಬೇಕು. ಇದು ತಪ್ಪೆಂದು ತಮ್ಮ ತಿದ್ದುಪಡಿಗೆ ಅರ್ಜಿ ಹಾಕಿದ್ದಾನೆ. ನ್ಯಾಯಾಲಯ ಒಮ್ಮೆ ಕೊಟ್ಟದ್ದನ್ನು ಹೀಗೆ ಹಿಂದಕ್ಕೆ ಪಡೆಯಬಹುದೇ? ನಾನು ವಿರೋಧಿಸಬಹುದೇ?

ಉತ್ತರ: ಆಕ್ಷೇಪಣೆ ಸಲ್ಲಿಸುವ ಹಕ್ಕು ನಿಮಗಿದೆ, ಆದರೆ ಸಲ್ಲಿಸಬೇಡಿರೆಂದೇ ನನ್ನ ಸಲಹೆ. ಈ ತಪ್ಪು ಹೇಗಾಯಿತೆಂಬುದು ಅಂಕಿಗಳನ್ನು ನೋಡಿದರೇ ತಿಳಿಯುತ್ತದೆ. 4 ಎಕರೆ 20 ಗುಂಟೆಯನ್ನು ಯಾರೋ 4.20 ಎಂಬ ದಶಮಾಂಶವೆಂದು ಭಾವಿಸಿ 3ರಿಂದ ಭಾಗಿಸಿದ್ದಾರೆ; 1.40 ಬಂದಿದೆ, ಅದನ್ನೇ 1 ಎಕರೆ 40 ಗುಂಟೆ ಎಂದು ಬರೆದಿದ್ದಾರೆ. ಸರಿಯಾದ ಲೆಕ್ಕ ಹೀಗಿದೆ: 4 ಎಕರೆಗೆ 160 ಗುಂಟೆ, ಅದಕ್ಕೆ 20 ಸೇರಿದರೆ 180 ಗುಂಟೆ, ಮೂರರಲ್ಲಿ ಒಂದು ಭಾಗ 60 ಗುಂಟೆ, ಅಂದರೆ 1 ಎಕರೆ 20 ಗುಂಟೆ. ಮೂವರಿಗೂ 2 ಎಕರೆ ಕೊಡಬೇಕಾದರೆ ಜಮೀನು 6 ಎಕರೆ ಇರಬೇಕಿತ್ತು.

ನ್ಯಾಯಾಲಯ ನಿಮಗೆ ಕೊಟ್ಟದ್ದು ಮೂರನೇ ಒಂದು ಭಾಗ. ಅದನ್ನು ಯಾರೂ ಹಿಂದಕ್ಕೆ ಪಡೆಯುತ್ತಿಲ್ಲ. ಆ ಭಾಗವನ್ನು ಎಕರೆ ಗುಂಟೆಗೆ ಇಳಿಸುವಾಗ ಲೆಕ್ಕ ತಪ್ಪಿದೆ ಅಷ್ಟೆ, ಮತ್ತು ಲೆಕ್ಕದ ತಪ್ಪಿನಿಂದ ಯಾರಿಗೂ ಹಕ್ಕು ಹುಟ್ಟುವುದಿಲ್ಲ. ನ್ಯಾಯಾಲಯದ ಕೃತ್ಯದಿಂದ ಯಾವ ಪಕ್ಷಕಾರನಿಗೂ ಹಾನಿಯಾಗಬಾರದೆಂಬ ತತ್ತ್ವದ ಮೇಲೆ ಕಲಂ 152 ನಿಂತಿದೆ. ನೀವು ಒಪ್ಪಿಗೆಯ ಮೆಮೊ ಕೊಟ್ಟರೆ ತಮ್ಮನ ಅರ್ಜಿ ಬೇಗ ಮುಗಿದು, ಮೂವರ ಪಹಣಿಯೂ ಬೇಗ ಬೇರೆಯಾಗುತ್ತದೆ. ತಕರಾರು ಮಾಡುತ್ತಾ ಹೋದರೆ ಅಳತೆಗೆ ಬಂದ ಸರ್ವೆಯರು ಇಲ್ಲದ ಜಮೀನನ್ನು ಎಲ್ಲಿಂದ ತಂದು ಅಳೆಯಬೇಕು?

ಪ್ರಶ್ನೆ: ನನ್ನ ಪತಿ 38ನೆಯ ವಯಸ್ಸಿನಲ್ಲಿ ರಸ್ತೆ ಅಪಘಾತದಲ್ಲಿ ತೀರಿಕೊಂಡರು. ನಾನು, ಇಬ್ಬರು ಮಕ್ಕಳು ಮತ್ತು ಅತ್ತೆ ಸೇರಿ ಪರಿಹಾರಕ್ಕೆ ಅರ್ಜಿ ಹಾಕಿದ್ದೆವು. ಮೋಟಾರು ಅಪಘಾತ ಪರಿಹಾರ ನ್ಯಾಯಮಂಡಳಿಯು ತಿಂಗಳ ಆದಾಯ 10,000 ರೂಪಾಯಿ ಎಂದು ಹಿಡಿದು, ಭವಿಷ್ಯದ ಹೆಚ್ಚಳವಾಗಿ 40 ಶೇಕಡಾ ಸೇರಿಸಿ, ಅವರ ಸ್ವಂತ ಖರ್ಚಿಗೆ ನಾಲ್ಕನೇ ಒಂದು ಭಾಗ ಕಳೆದು, 15ರಿಂದ ಗುಣಿಸಿ, ಅವಲಂಬನೆಯ ನಷ್ಟ 18,09,000 ರೂಪಾಯಿ ಎಂದು ಬರೆದಿದೆ. ಲೆಕ್ಕ ಹಾಕಿದರೆ ಹೆಚ್ಚು ಬರುತ್ತದೆ. ಅಲ್ಲದೆ ಅವರ ನಿಜವಾದ ಆದಾಯ ತಿಂಗಳಿಗೆ 18,000 ರೂಪಾಯಿ ಇತ್ತು. ಎರಡನ್ನೂ ಒಂದೇ ಅರ್ಜಿಯಲ್ಲಿ ತಿದ್ದಿಸಬಹುದೇ?

ಉತ್ತರ: ನಿಮ್ಮ ದುಃಖದ ನಡುವೆಯೂ ಲೆಕ್ಕವನ್ನು ಪರಿಶೀಲಿಸಿದ್ದು ಬಹಳ ಒಳ್ಳೆಯದಾಯಿತು. ನೀವು ಹೇಳಿದ ಎರಡು ತಪ್ಪುಗಳು ಬೇರೆ ಬೇರೆ ಜಾತಿಯವು. ಹಾಗಾಗಿ ಅವುಗಳ ದಾರಿಯೂ ಬೇರೆ.

ಮೊದಲನೆಯದನ್ನು ನೋಡೋಣ. 10,000ಕ್ಕೆ 40 ಶೇಕಡಾ ಸೇರಿದರೆ 14,000. ಅದರ ನಾಲ್ಕನೇ ಒಂದು ಭಾಗ 3,500 ಕಳೆದರೆ 10,500. ವರ್ಷಕ್ಕೆ 1,26,000. ಅದನ್ನು 15ರಿಂದ ಗುಣಿಸಿದರೆ 18,90,000 ರೂಪಾಯಿ. ಆದೇಶದಲ್ಲಿ 9 ಮತ್ತು 0 ಸ್ಥಾನ ಪಲ್ಲಟಗೊಂಡು 18,09,000 ಆಗಿದೆ. ನಿಮಗೆ 81,000 ರೂಪಾಯಿ ಖೋತಾ ಆಗಿರುವುದಲ್ಲದೆ, ಅದರ ಮೇಲಿನ ಬಡ್ಡಿಯೂ ತಪ್ಪಿದೆ. ಇದು ಅಪ್ಪಟ ಲೆಕ್ಕದ ತಪ್ಪು. ನ್ಯಾಯಮಂಡಳಿಯೇ ಒಪ್ಪಿಕೊಂಡ ಅಂಕಿಗಳನ್ನು ಗುಣಿಸಿದರೆ ಸಿಗುವ ಉತ್ತರವನ್ನಷ್ಟೇ ನೀವು ಕೇಳುತ್ತಿದ್ದೀರಿ. ಮೇಲೆ ಬರೆದಂತೆ ಹಂತ ಹಂತವಾದ ಲೆಕ್ಕವನ್ನು ಅರ್ಜಿಯಲ್ಲಿ ಇಟ್ಟು, ಪ್ರತಿ ಅಂಕಿ ಆದೇಶದ ಯಾವ ಪ್ಯಾರಾದಿಂದ ಬಂದಿದೆಯೆಂದು ತೋರಿಸಿ ಅದೇ ನ್ಯಾಯಮಂಡಳಿಯ ಮುಂದೆ ಹೋಗಿ. ಇತರ ಬಾಬುಗಳನ್ನು ಸೇರಿಸಿದ ಒಟ್ಟು ಮೊತ್ತ, ನಾಲ್ವರ ನಡುವಿನ ಹಂಚಿಕೆ ಮತ್ತು ಠೇವಣಿ ಇಡಬೇಕಾದ ಮೊತ್ತಗಳಿಗೂ ಈ ತಪ್ಪು ಹರಿದಿರುತ್ತದೆ. ಅಲ್ಲೆಲ್ಲ ತಿದ್ದುಪಡಿ ಆಗಬೇಕೆಂದು ಅರ್ಜಿಯಲ್ಲೇ ಕೇಳಿಕೊಳ್ಳಿ. ಒಂದು ಕಡೆ ತಿದ್ದಿ ಇನ್ನೊಂದು ಕಡೆ ಬಿಟ್ಟರೆ, ವಿಮಾ ಕಂಪನಿಯವರು ಕಡಿಮೆ ಅಂಕಿಯನ್ನೇ ಹಿಡಿದುಕೊಳ್ಳುತ್ತಾರೆ.

ಆದಾಯದ ವಿಷಯ ಹೀಗಲ್ಲ. 18,000 ಎಂದು ನೀವು ಹೇಳಿದ್ದನ್ನು ಪರಿಶೀಲಿಸಿ, ಸಾಕ್ಷ್ಯ ಸಾಲದೆಂದು 10,000ಕ್ಕೆ ಇಳಿಸಿದ್ದರೆ ಅದು ನ್ಯಾಯಮಂಡಳಿಯ ತೀರ್ಮಾನ. ಆ ತೀರ್ಮಾನ ತಪ್ಪಿರಬಹುದು, ಆದರೆ ಅದನ್ನು ಕಣ್ತಪ್ಪೆಂದು ಕರೆಯಲಾಗದು. ಅದಕ್ಕೆ ಮೋಟಾರು ವಾಹನಗಳ ಕಾಯ್ದೆಯ ಕಲಂ 173ರಂತೆ 90 ದಿನಗಳೊಳಗೆ ಹೈಕೋರ್ಟಿಗೆ ಮೇಲ್ಮನವಿ ಸಲ್ಲಿಸಬೇಕು. ತಿದ್ದುಪಡಿಯ ಅರ್ಜಿ ಬಾಕಿಯಿದೆ, ಅದು ಮುಗಿಯಲಿ ಎಂದು ಕಾಯುತ್ತಾ ಅನೇಕರು ಮೇಲ್ಮನವಿಯ ಅವಧಿಯನ್ನು ಕಳೆದುಕೊಳ್ಳುತ್ತಾರೆ. ತಿದ್ದುಪಡಿಯ ಅರ್ಜಿ ಹಾಕಿದ್ದರಿಂದ ಮೇಲ್ಮನವಿಯ ದಿನಗಣನೆ ನಿಲ್ಲುವುದಿಲ್ಲ. ಎರಡನ್ನೂ ಜತೆಜತೆಯಾಗಿ ನಡೆಸಿ. ಗುಣಕದ ಬಗ್ಗೆ ನಿಮಗೆ ಆತಂಕ ಬೇಡ. ಸುಪ್ರೀಂ ಕೋರ್ಟ್ 2009ರಲ್ಲಿ ನಿಗದಿಪಡಿಸಿದ ಕೋಷ್ಟಕದಲ್ಲಿ 36ರಿಂದ 40 ವರ್ಷದವರಿಗೆ 15 ಎಂದೇ ಇದೆ.

ಪ್ರಶ್ನೆ: ಸಾಲ ವಸೂಲಿಯ ದಾವೆಯಲ್ಲಿ ಅಸಲು ಕೊಡಬೇಕೆಂದು ತೀರ್ಪಾಗಿದೆ. ದಾವೆ ಹೂಡಿದ ದಿನದಿಂದ ಬಡ್ಡಿ ಬೇಕೆಂದು ನಾವು ಕೇಳಿದ್ದರೂ ತೀರ್ಪಿನಲ್ಲಿ ಬಡ್ಡಿಯ ಮಾತೇ ಇಲ್ಲ. ನ್ಯಾಯಾಧೀಶರು ಮರೆತಿರಬೇಕು. ಇದನ್ನು ‘ಆಕಸ್ಮಿಕವಾಗಿ ಬಿಟ್ಟುಹೋದದ್ದು’ ಎಂದು ತಿದ್ದಿಸಬಹುದೇ?

ಉತ್ತರ: ಇಲ್ಲ. ಈ ವಿಷಯದಲ್ಲಿ ಅನೇಕ ಅರ್ಜಿದಾರರು ಎಡವಿದ್ದಾರೆ. ಮೂಲ ಆದೇಶದಲ್ಲಿ ಕೊಡದಿದ್ದ ದಾವಾ ಅವಧಿಯ ಬಡ್ಡಿಯನ್ನು ಕಲಂ 152ರ ಹೆಸರಿನಲ್ಲಿ ಆಮೇಲೆ ಸೇರಿಸಲಾಗದೆಂದು ಸುಪ್ರೀಂ ಕೋರ್ಟ್ 1999ರಲ್ಲೇ ಹೇಳಿದೆ. ಡಿಕ್ರಿಯ ನಂತರದ ಬಡ್ಡಿಯ ಬಗ್ಗೆ ಸಂಹಿತೆಯ ಕಲಂ 34 ಇನ್ನೂ ಸ್ಪಷ್ಟವಾಗಿದೆ: ಡಿಕ್ರಿ ಆ ಬಗ್ಗೆ ಮೌನವಾಗಿದ್ದರೆ, ನ್ಯಾಯಾಲಯ ಅದನ್ನು ನಿರಾಕರಿಸಿದೆಯೆಂದೇ ಭಾವಿಸಬೇಕು, ಮತ್ತು ಅದಕ್ಕಾಗಿ ಪ್ರತ್ಯೇಕ ದಾವೆಯೂ ನಿಲ್ಲುವುದಿಲ್ಲ. ‘ಮರೆತಿರಬೇಕು’ ಎಂಬುದು ನಿಮ್ಮ ಊಹೆ. ತೀರ್ಪಿನ ಒಳಗೆಲ್ಲಾದರೂ ಬಡ್ಡಿ ಕೊಡಬೇಕೆಂಬ ನಿರ್ಧಾರದ ಗುರುತು ಇದ್ದರೆ ಮಾತ್ರ ಅದನ್ನು ಜಾರಿದ ಕೈ ಎನ್ನಬಹುದು. ಉದಾಹರಣೆಗೆ, ವಿವಾದಾಂಶಗಳ ಚರ್ಚೆಯಲ್ಲಿ ‘ವಾದಿಯು ವರ್ಷಕ್ಕೆ 6 ಶೇಕಡಾ ಬಡ್ಡಿಗೆ ಅರ್ಹ’ ಎಂದು ಬರೆದು, ಕೊನೆಯ ಆದೇಶದ ಭಾಗದಲ್ಲಿ ಅದು ಬಿಟ್ಟುಹೋಗಿದ್ದರೆ, ತಿದ್ದುಪಡಿ ಕೇಳಲು ಗಟ್ಟಿಯಾದ ಆಧಾರ ಸಿಗುತ್ತದೆ. ತೀರ್ಪನ್ನು ಮೊದಲ ಪುಟದಿಂದ ಮತ್ತೊಮ್ಮೆ ಓದಿ. ಅಂತಹ ಸಾಲು ಇಲ್ಲವಾದರೆ ಆದೇಶ 47ರ ಅಡಿಯಲ್ಲಿ 30 ದಿನಗಳೊಳಗೆ ಪುನರ್‌ವಿಮರ್ಶೆ ಕೇಳಬಹುದು, ಇಲ್ಲವೇ ಮೇಲ್ಮನವಿಗೆ ಹೋಗಬಹುದು. ಮೇಲ್ಮನವಿಗೆ ಜಿಲ್ಲಾ ಮಟ್ಟದಲ್ಲಿ 30 ದಿನ ಮತ್ತು ಹೈಕೋರ್ಟಿಗೆ 90 ದಿನಗಳ ಅವಧಿಯಿದ್ದು, ದೃಢೀಕೃತ ನಕಲು ಪಡೆಯಲು ಹಿಡಿದ ದಿನಗಳು ಲೆಕ್ಕದಿಂದ ಬಿಟ್ಟುಹೋಗುತ್ತವೆ.

ಪ್ರಶ್ನೆ: ನನ್ನ ತಮ್ಮನಿಗೆ ಜಾಮೀನು ಸಿಕ್ಕಿತು. ಆದರೆ ಆದೇಶದಲ್ಲಿ ಪೊಲೀಸ್ ಠಾಣೆಯ ಅಪರಾಧ ಸಂಖ್ಯೆ ಒಂದು ಅಂಕಿ ತಪ್ಪಾಗಿ ಮುದ್ರಣವಾಗಿದ್ದರಿಂದ ಜೈಲಿನವರು ಬಿಡಲಿಲ್ಲ. ತಿದ್ದಿಸಿ ತರುವಷ್ಟರಲ್ಲಿ ಅವನು ಇನ್ನೂ 4 ದಿನ ಒಳಗೇ ಇರಬೇಕಾಯಿತು. ಮತ್ತೆ ಯಾರಿಗಾದರೂ ಹೀಗಾದರೆ ಏನು ಮಾಡಬೇಕು?

ಉತ್ತರ: ಆಸ್ತಿಯ ಡಿಕ್ರಿಯಲ್ಲಿ ಆದ ಕಣ್ತಪ್ಪು ಕಾಯಬಹುದು. ಮನುಷ್ಯನ ಸ್ವಾತಂತ್ರ್ಯದ ಆದೇಶದಲ್ಲಿ ಆದದ್ದು ಒಂದು ದಿನವೂ ಕಾಯಬಾರದು. ನಿಮ್ಮ ತಮ್ಮ ಕಳೆದ ಆ 4 ದಿನಗಳನ್ನು ಯಾರೂ ಮರಳಿ ಕೊಡಲಾರರೆಂಬುದು ನನಗೂ ನೋವಿನ ಸಂಗತಿಯೇ.

ಕ್ರಿಮಿನಲ್ ನ್ಯಾಯಾಲಯಗಳು ತಾವು ಸಹಿ ಮಾಡಿದ ತೀರ್ಪನ್ನು ಅಥವಾ ಅಂತಿಮ ಆದೇಶವನ್ನು ಬದಲಿಸುವಂತಿಲ್ಲ, ಬರವಣಿಗೆಯ ಅಥವಾ ಲೆಕ್ಕದ ತಪ್ಪನ್ನು ತಿದ್ದುವುದು ಮಾತ್ರ ಇದಕ್ಕೆ ಹೊರತು. 1973ರ ದಂಡ ಪ್ರಕ್ರಿಯಾ ಸಂಹಿತೆಯ ಕಲಂ 362ರಲ್ಲಿ ಇದ್ದ ಈ ನಿಯಮ, 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ ಕಲಂ 403ರಲ್ಲಿ ಮುಂದುವರಿದಿದೆ. ಅಪರಾಧ ಸಂಖ್ಯೆ, ಆರೋಪಿಯ ಅಥವಾ ತಂದೆಯ ಹೆಸರಿನ ಕಾಗುಣಿತ, ಠಾಣೆಯ ಹೆಸರು ಇವೆಲ್ಲ ತಿದ್ದಬಹುದಾದ ತಪ್ಪುಗಳೇ. ಶಿಕ್ಷೆಯ ಪ್ರಮಾಣವನ್ನು ತಗ್ಗಿಸುವಂತೆಯೋ ಷರತ್ತುಗಳನ್ನು ಸಡಿಲಿಸುವಂತೆಯೋ ಈ ದಾರಿಯಲ್ಲಿ ಕೇಳಲಾಗದು.

ಇಂತಹ ಸಂದರ್ಭದಲ್ಲಿ ವಕೀಲರು ಸುದೀರ್ಘ ಅರ್ಜಿ ಬರೆಯುತ್ತಾ ಕೂರುವ ಬದಲು, ತಪ್ಪನ್ನೂ ಸರಿಯಾದ ರೂಪವನ್ನೂ ಎರಡು ಸಾಲಿನಲ್ಲಿ ಬರೆದ ಮೆಮೊ ಮತ್ತು ಎಫ್‌ಐಆರ್ ಪ್ರತಿಯೊಂದಿಗೆ ಅದೇ ದಿನ ನ್ಯಾಯಾಲಯದ ಗಮನಕ್ಕೆ ತರಬೇಕು. ನಮ್ಮ ಹೈಕೋರ್ಟಿನಲ್ಲಿ ಇದನ್ನು ‘ಫಾರ್ ಬೀಯಿಂಗ್ ಸ್ಪೋಕನ್ ಟು’ (ಆದೇಶದ ಬಗ್ಗೆ ಮಾತಾಡಲಿಕ್ಕೆ) ಎಂದು ಆ ದಿನದ ಪ್ರಕರಣಗಳ ಪಟ್ಟಿಗೆ ಹಾಕಿಸುವ ರೂಢಿಯಿದೆ. ಆದೇಶ ಜಾಲತಾಣದಲ್ಲಿ ಬಂದ ಕೂಡಲೇ ಅದನ್ನು ಎಫ್‌ಐಆರ್ ಪಕ್ಕದಲ್ಲಿಟ್ಟು ಓದುವುದನ್ನು ಮನೆಯವರೂ ಮಾಡಬಹುದು, ಅದಕ್ಕೆ ಕಾನೂನಿನ ಜ್ಞಾನ ಬೇಕಿಲ್ಲ. ಜಾಮೀನು ಆದೇಶದ ಪ್ರತಿಯನ್ನು ಅದೇ ದಿನ ಅಥವಾ ಮರುದಿನ ಜೈಲು ಅಧೀಕ್ಷಕರ ಮೂಲಕ ಬಂದಿಗೆ ಇ-ಮೇಲ್ ಮಾಡಬೇಕೆಂದು ಸುಪ್ರೀಂ ಕೋರ್ಟ್ 2023ರ ಜನವರಿಯಲ್ಲಿ ನಿರ್ದೇಶಿಸಿದೆ. ವಕೀಲರನ್ನು ನೇಮಿಸಿಕೊಳ್ಳುವ ಶಕ್ತಿ ಇಲ್ಲದಿದ್ದರೆ, ಬಂಧನದಲ್ಲಿರುವ ಪ್ರತಿಯೊಬ್ಬರೂ 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯಂತೆ ಉಚಿತ ನೆರವಿಗೆ ಅರ್ಹರು. ಸಹಾಯವಾಣಿಯ ಸಂಖ್ಯೆ 15100.

ಪ್ರಶ್ನೆ: ತಂದೆಯವರ ಬ್ಯಾಂಕ್ ಹಣಕ್ಕಾಗಿ ಉತ್ತರಾಧಿಕಾರ ಪ್ರಮಾಣಪತ್ರ ಪಡೆದಿದ್ದೇವೆ. ಅದರಲ್ಲಿ ಒಂದು ಖಾತೆಯ ಸಂಖ್ಯೆಯ ಎರಡು ಅಂಕಿಗಳು ಅದಲುಬದಲಾಗಿವೆ. ಇನ್ನೊಂದು ನಿಶ್ಚಿತ ಠೇವಣಿ ಇರುವುದು ನಮಗೆ ಆಮೇಲೆ ತಿಳಿಯಿತು. ಬ್ಯಾಂಕಿನವರು ಎರಡನ್ನೂ ಕೊಡುತ್ತಿಲ್ಲ. ಒಬ್ಬರು ಸಲಹೆಗಾರರು ಪ್ರಮಾಣಪತ್ರದ ಮೇಲೆ ಅಂಕಿಯನ್ನು ಶಾಯಿಯಲ್ಲಿ ತಿದ್ದಿಕೊಂಡರೆ ಸಾಕೆನ್ನುತ್ತಾರೆ.

ಉತ್ತರ: ಆ ಸಲಹೆಯನ್ನು ಖಂಡಿತ ಪಾಲಿಸಬೇಡಿ. ನ್ಯಾಯಾಲಯದ ದಾಖಲೆಯ ಮೇಲೆ ನ್ಯಾಯಾಲಯವಲ್ಲದೆ ಬೇರೆ ಯಾರ ಲೇಖನಿಯೂ ಆಡಕೂಡದು. ತಪ್ಪನ್ನು ಸರಿ ಮಾಡುವ ಉದ್ದೇಶವೇ ಇದ್ದರೂ, ಅಂತಹ ಕೆಲಸ ನಿಮ್ಮನ್ನು ಫೋರ್ಜರಿಯ ಆರೋಪಕ್ಕೆ ಒಡ್ಡುತ್ತದೆ. ನ್ಯಾಯಾಲಯದ ದಾಖಲೆಯ ಫೋರ್ಜರಿಗೆ ಭಾರತೀಯ ನ್ಯಾಯ ಸಂಹಿತೆಯ ಕಲಂ 337ರಲ್ಲಿ 7 ವರ್ಷಗಳವರೆಗಿನ ಶಿಕ್ಷೆ ಇದೆ.

ಅದಲುಬದಲಾದ ಅಂಕಿಗಳಿಗೆ ಪಾಸ್‌ಬುಕ್ಕಿನ ಪ್ರತಿಯೊಂದಿಗೆ ತಿದ್ದುಪಡಿಯ ಅರ್ಜಿ ಸಾಕು. ತಪ್ಪು ನಿಮ್ಮ ಮೂಲ ಅರ್ಜಿಯಲ್ಲೇ ಇದ್ದು ಅಲ್ಲಿಂದ ಪ್ರಮಾಣಪತ್ರಕ್ಕೆ ಇಳಿದಿದ್ದರೆ ಅದನ್ನು ಮುಚ್ಚಿಡದೆ ತಿದ್ದುಪಡಿಯ ಅರ್ಜಿಯ ಅಫಿಡವಿಟ್ಟಿನಲ್ಲಿ ಒಪ್ಪಿಕೊಳ್ಳಿ. ಖಾತೆ ಯಾವುದೆಂಬುದರಲ್ಲಿ ಯಾರಿಗೂ ವಿವಾದ ಇಲ್ಲದಿದ್ದರೆ ನ್ಯಾಯಾಲಯಗಳು ಅಂತಹ ತಪ್ಪನ್ನೂ ತಿದ್ದುತ್ತವೆ. ದಾಖಲೆಗಳು ಸತ್ಯಸ್ಥಿತಿಯನ್ನು ತೋರುವಂತೆ ನೋಡಿಕೊಳ್ಳುವುದು ನ್ಯಾಯಾಲಯದ ಕರ್ತವ್ಯವೇ ಎಂದು ಸುಪ್ರೀಂ ಕೋರ್ಟ್ 2007ರ ತೀರ್ಪೊಂದರಲ್ಲಿ ಹೇಳಿರುವುದು ನಿಮಗೆ ನೆರವಾಗುತ್ತದೆ.

ಆಮೇಲೆ ಪತ್ತೆಯಾದ ಠೇವಣಿ ಕಣ್ತಪ್ಪಲ್ಲ, ಅದು ನ್ಯಾಯಾಲಯದ ಮುಂದೆ ಬಂದೇ ಇರಲಿಲ್ಲ. ಅದಕ್ಕೆ 1925ರ ಭಾರತೀಯ ಉತ್ತರಾಧಿಕಾರ ಕಾಯ್ದೆಯ ಕಲಂ 376ರಂತೆ ಪ್ರಮಾಣಪತ್ರವನ್ನು ವಿಸ್ತರಿಸಲು ಕೋರಬೇಕು. ಸೇರಿಸುವ ಮೊತ್ತಕ್ಕೆ ತಕ್ಕ ನ್ಯಾಯಾಲಯ ಶುಲ್ಕವನ್ನೂ ಕಟ್ಟಬೇಕು.

ಪ್ರಶ್ನೆ: ನನ್ನ ವಿರುದ್ಧ ಆದ ಡಿಕ್ರಿಯಲ್ಲಿ ಪಕ್ಕದವರು ‘ಟೈಪಿಂಗ್ ತಪ್ಪು’ ಎಂದು ಹೇಳಿ ಪೂರ್ವದ ಚೆಕ್ಕುಬಂದಿಯನ್ನೇ ಬದಲಿಸಿಕೊಂಡಿದ್ದಾರೆ. ನನಗೆ ನೋಟಿಸೇ ಬರಲಿಲ್ಲ. ಈಗ ನನ್ನ ಹಿತ್ತಿಲಿನ ಹತ್ತು ಅಡಿ ಅವರ ಡಿಕ್ರಿಯೊಳಗೆ ಸೇರಿದಂತಾಗಿದೆ. ನಾನೇನು ಮಾಡಲಿ?

ಉತ್ತರ: ತಿದ್ದುಪಡಿಯ ಅಧಿಕಾರ ಎಷ್ಟು ಉಪಕಾರಿಯೋ, ದುರ್ಬಳಕೆಯಾದರೆ ಅಷ್ಟೇ ಹಾನಿಕಾರಿ ಎಂಬುದಕ್ಕೆ ನಿಮ್ಮ ಪತ್ರ ನಿದರ್ಶನ. ಚೆಕ್ಕುಬಂದಿ ಬದಲಾದಾಗ ವಿಸ್ತೀರ್ಣವೂ ಬದಲಾಗುವುದಾದರೆ, ಹೊಸ ಜಾಗವೊಂದು ಡಿಕ್ರಿಗೆ ಸೇರಿದಂತೆಯೇ ಆಗುತ್ತದೆ. ಅದನ್ನು ಬರವಣಿಗೆಯ ತಪ್ಪೆಂದು ಕರೆಯಲಾಗದು. ಕಲಂ 152ರ ಅಡಿಯಲ್ಲಿ ನ್ಯಾಯಾಲಯವು ತನ್ನ ತೀರ್ಮಾನದ ಬಗ್ಗೆ ಎರಡನೆಯ ಯೋಚನೆ ಮಾಡುವಂತಿಲ್ಲವೆಂದು ಸುಪ್ರೀಂ ಕೋರ್ಟ್ 2001ರಲ್ಲಿ ಸ್ಪಷ್ಟಪಡಿಸಿದೆ. ನೋಟಿಸು ಕೊಡಬೇಕೆಂಬ ಮಾತು ಆ ಕಲಮಿನಲ್ಲಿ ಅಕ್ಷರಶಃ ಇಲ್ಲದಿದ್ದರೂ, ಒಬ್ಬರ ಹಕ್ಕಿಗೆ ಧಕ್ಕೆ ತರುವ ಬದಲಾವಣೆಯನ್ನು ಅವರ ಮಾತು ಕೇಳದೆ ಮಾಡುವುದು ಸಹಜ ನ್ಯಾಯಕ್ಕೆ ವಿರುದ್ಧ.

ಮೊದಲು ತಿದ್ದುಪಡಿಯ ಅರ್ಜಿ, ಅದರ ಪ್ರಮಾಣಪತ್ರ, ಅದರ ಮೇಲಿನ ಆದೇಶ ಮತ್ತು ಆ ದಿನದ ಆರ್ಡರ್‌ಶೀಟಿನ ದೃಢೀಕೃತ ನಕಲುಗಳನ್ನು ಪಡೆಯಿರಿ. ನೋಟಿಸು ಹೊರಟಿತ್ತೇ, ಯಾರಿಗೆ ಜಾರಿಯಾಯಿತು, ನಿಮ್ಮ ಹಳೆಯ ವಕೀಲರು ಹಾಜರಾಗಿ ‘ಆಕ್ಷೇಪಣೆ ಇಲ್ಲ’ ಎಂದಿದ್ದಾರೆಯೇ ಎಂಬುದೆಲ್ಲ ಆರ್ಡರ್‌ಶೀಟಿನಲ್ಲೇ ತಿಳಿಯುತ್ತದೆ. ಇದನ್ನು ನೋಡದೆ ಮುಂದೆ ಹೆಜ್ಜೆ ಇಡಬೇಡಿ. ನೋಟಿಸು ಇಲ್ಲದೆಯೇ ಆದೇಶವಾಗಿದ್ದರೆ, ಅದನ್ನು ಹಿಂಪಡೆಯುವಂತೆ ಅದೇ ನ್ಯಾಯಾಲಯದಲ್ಲಿ ಕಲಂ 151ರ ಅಡಿ ಕೂಡಲೇ ಅರ್ಜಿ ಹಾಕಿ, ಅಮಲ್ಜಾರಿಗೆ ತಡೆ ಕೇಳಿ. ಕಲಂ 152ರ ಅಡಿಯ ಆದೇಶವು ಸಂಹಿತೆಯ ಆದೇಶ 43ರಲ್ಲಿರುವ, ಮೇಲ್ಮನವಿಗೆ ಅವಕಾಶವಿರುವ ಆದೇಶಗಳ ಪಟ್ಟಿಯಲ್ಲಿ ಇಲ್ಲದಿರುವುದರಿಂದ, ಆ ಆದೇಶದ ಮೇಲೆ ನೇರ ಮೇಲ್ಮನವಿ ಇಲ್ಲ. ಆದರೆ ತಿದ್ದುಪಡಿಯಾದ ಡಿಕ್ರಿಯ ಮೇಲೆ ಮೇಲ್ಮನವಿ ಸಲ್ಲಿಸುವ ಅವಕಾಶವನ್ನೂ ಸಂವಿಧಾನದ 227ನೆಯ ವಿಧಿಯಂತೆ ಹೈಕೋರ್ಟಿನ ಮೊರೆ ಹೋಗುವ ದಾರಿಯನ್ನೂ ನಿಮ್ಮ ವಕೀಲರು ಪರಿಶೀಲಿಸಬೇಕು. ಹಳೆಯ ಡಿಕ್ರಿಯ ಚೆಕ್ಕುಬಂದಿಗೂ ಹೊಸದಕ್ಕೂ ಇರುವ ವ್ಯತ್ಯಾಸವನ್ನು ತೋರಿಸುವ ಒಂದು ನಕ್ಷೆ, ಹಿತ್ತಿಲಿನ ಆ ಹತ್ತು ಅಡಿಗೆ ಬಣ್ಣ ಹಚ್ಚಿದ್ದು, ನಿಮ್ಮ ಅರ್ಜಿಯ ಜತೆಗಿರಲಿ. ಹತ್ತು ಪುಟದ ವಾದಕ್ಕಿಂತ ಅದನ್ನು ನೋಡಿದೊಡನೆ ನ್ಯಾಯಾಧೀಶರಿಗೆ ಬೇಗ ಅರ್ಥವಾಗುತ್ತದೆ.